ನಕ್ಷೆಯ ಹದಿನೇಳನೇ ಸಾಲು

"ಎಣಿಸಿ," ಎನ್ನುತ್ತ ಕೆಮಿಸ್ಟ್ ಮೇಡಂ ಗಾಜಿನ ತಟ್ಟೆಯನ್ನು ಅವನ ಕೀಬೋರ್ಡಿನ ಮೇಲೇ ಇಟ್ಟರು.

ಅಂಗೈಯಗಲದ ತಟ್ಟೆ. ಮುಚ್ಚಳದ ಕೆಳಗೆ ತೆಳುವಾದ ಬಿಳಿ ಹಾಳೆ, ಅದರ ಮೇಲೆ ಸಾಸಿವೆಗಿಂತ ಚಿಕ್ಕ ನೀಲಿ ಚುಕ್ಕೆಗಳು. ವೈರಣ್ಣ ಕನ್ನಡಕ ಸರಿಮಾಡಿಕೊಂಡು ಪೆನ್ನಿನ ತುದಿಯಿಂದ ಎಣಿಸಿದ. ಮೂವತ್ತೆಂಟು. ತಪ್ಪಾಯಿತೇನೋ ಎಂದು ಇನ್ನೊಮ್ಮೆ ಎಣಿಸಿದ. ಮೂವತ್ತೆಂಟೇ.

"ಈಗ ಮೂಸಿ."

ಮುಚ್ಚಳವನ್ನು ಒಂದಿಷ್ಟೇ ಎತ್ತಿ ಅವನ ಮೂಗಿನ ಹತ್ತಿರ ಹಿಡಿದರು. ವೈರಣ್ಣ ಕುರ್ಚಿಸಮೇತ ಹಿಂದಕ್ಕೆ ಸರಿದ.

"ವಾಸನೆ ಗೊತ್ತಾಯ್ತಲ್ಲ? ಬಾಯಿಬಿಟ್ಟು ಹೇಳೋದು ಬೇಡ. ಇದು ಕೆಳಪೇಟೆ ಟ್ಯಾಂಕಿನ ನೀರು. ಇಂಥ ಚುಕ್ಕೆ, ಅಂದ್ರೆ ರೋಗಾಣುವಿನ ಗುಂಪು, ಕುಡಿಯೋ ನೀರಲ್ಲಿ ಒಂದೂ ಇರಬಾರದು. ಚರಂಡಿ ಪೈಪು ನೀರಿನ ಪೈಪಿನ ಪಕ್ಕದಲ್ಲೇ ಹೋಗುತ್ತೆ, ಎಲ್ಲೋ ಒಡೆದಿದೆ ಅಂತ ನಾನು ಎಷ್ಟು ಸಲ ಬರೆದುಕೊಟ್ಟೆ. ಕ್ರಮ ಆಗ್ತಾ ಇದೆ, ಆಗ್ತಾ ಇದೆ ಅಂದ್ರು ಸಾಹೇಬ್ರು. ನಿನ್ನೆ ಆ ಕಡೆ ಹೋಗಿದ್ದೆ. ಟ್ಯಾಂಕಿನ ಗೋಡೆ ಮೇಲೆ ನಮ್ಮದೇ ವರದಿ ಅಂಟಿಸಿದಾರೆ. ಹೋದ ವಾರದ್ದು. ನಾನು ಕಂಪ್ಯೂಟರಿಗೆ ಹಾಕಿದ್ದು ನಲವತ್ತೊಂದು. ಗೋಡೆ ಮೇಲೆ ಸೊನ್ನೆ."

"ಟೈಪಿಂಗಲ್ಲಿ ಏನಾದ್ರೂ..."

"ನಲವತ್ತೊಂದು ಹೆಂಗ್ರೀ ಸೊನ್ನೆ ಆಗುತ್ತೆ ಟೈಪಿಂಗಲ್ಲಿ? ನನ್ನ ಕಂಪ್ಯೂಟರಲ್ಲಿ ಈಗಲೂ ನಲವತ್ತೊಂದೇ ಇದೆ. ನಾನು ನೋಡೋ ಫೋಲ್ಡರೂ ಪ್ರಿಂಟ್ ತೆಗೆಯೋ ಫೋಲ್ಡರೂ ಒಂದೇ ಅಂತ ನೀವೇ ತಾನೇ ಹೇಳಿದ್ದು?"

ಹೌದು, ಅವನೇ ಹೇಳಿದ್ದ. ಇಪ್ಪತ್ತೆರಡು ವರ್ಷದ ಹಿಂದೆ ಆ ನೀರು ಪರೀಕ್ಷಾ ಪ್ರಯೋಗಾಲಯಕ್ಕೆ ವೈರು ಎಳೆಯಲು ಬಂದವನು, ಅಲ್ಲೇ ಉಳಿದು ಸರ್ವರು ನೋಡಿಕೊಳ್ಳುವವನಾದ. ಹೆಸರು ಮಾತ್ರ ವೈರಣ್ಣ ಎಂದೇ ನಿಂತಿತು. ಅಲ್ಲಿನ ಕಂಪ್ಯೂಟರುಗಳಲ್ಲಿ ಒಂದು ಸಣ್ಣ ತಂತ್ರಾಂಶವಿತ್ತು, ಅವನಿಗೆ ಬಲು ಇಷ್ಟದ್ದು. ಯಾರಾದರೂ 'ಫಲಿತಾಂಶ' ಎಂಬ ಫೋಲ್ಡರನ್ನು ಮುಟ್ಟಿದರೆ ಸಾಕು, ಅದು ನಕ್ಷೆ ಎಂಬ ಫೈಲನ್ನು ತೆರೆದು, ಈ ಹೆಸರಿನ ಸರಕು ಯಾವ ಯಂತ್ರದಲ್ಲಿದೆ ಎಂದು ಓದಿ, ಅಲ್ಲಿಂದ ತಂದು ಜೋಡಿಸುತ್ತಿತ್ತು. ಐದು ನಿಮಿಷ ಯಾರೂ ಮುಟ್ಟದಿದ್ದರೆ ತಾನೇ ಕಳಚಿಡುತ್ತಿತ್ತು. ಕೂತವರಿಗೆ ಫೋಲ್ಡರು ತಮ್ಮ ಮೇಜಿನಲ್ಲೇ ಇದ್ದಂತೆ. ಎಲ್ಲಿಂದ ಬಂತು, ಯಾವಾಗ ಹೋಯಿತು ಎಂದು ಯಾರೂ ಕೇಳುತ್ತಿರಲಿಲ್ಲ. ಕೇಳುವ ಅಗತ್ಯವೇ ಬೀಳದ ಹಾಗೆ ಮಾಡಿಟ್ಟದ್ದೇ ತನ್ನ ಜಾಣತನ ಎಂದುಕೊಂಡಿದ್ದ ಅವನು.

"ನೋಡ್ತೀನಿ ಮೇಡಂ," ಎಂದ.

"ನೀವು ನೋಡಿ. ನಾನು ಸಾಹೇಬ್ರನ್ನೇ ಕೇಳ್ತೀನಿ," ಎಂದು ಅವರು ತಟ್ಟೆಯನ್ನು ಎತ್ತಿಕೊಂಡು ಹೋದರು. ಕೀಬೋರ್ಡಿನ ಮೇಲೆ ದುಂಡನೆಯ ತೇವದ ಗುರುತು ಉಳಿದಿತ್ತು. ವೈರಣ್ಣ ಅದನ್ನು ಕರವಸ್ತ್ರದಿಂದ ಒರೆಸಿ, ಕರವಸ್ತ್ರವನ್ನು ಜೇಬಿಗೆ ಹಾಕಲು ಮನಸ್ಸಾಗದೆ ಕಸದ ಬುಟ್ಟಿಗೆ ಹಾಕಿದ.

ಪ್ರಿಂಟ್ ತೆಗೆಯುವ ಕಂಪ್ಯೂಟರು ಸಾಹೇಬರ, ಅಂದರೆ ಪ್ರಯೋಗಾಲಯದ ಮುಖ್ಯಸ್ಥರ, ಕೋಣೆಯ ಹೊರಗಿತ್ತು. ತನ್ನ ಜಾಗದಿಂದಲೇ ಅದರೊಳಗೆ ಹೊಕ್ಕು ನಕ್ಷೆಯನ್ನು ತೆರೆದ. ಮೇಲಿನ ಹದಿನಾರು ಸಾಲು ಎಲ್ಲ ಕಂಪ್ಯೂಟರಿನಲ್ಲೂ ಇರುವಂಥದ್ದೇ. ಹದಿನೇಳನೆಯದು ಫಲಿತಾಂಶದ ಸಾಲು. ಪ್ರಯೋಗಾಲಯದ ಸರ್ವರಿನ ಹೆಸರು ಇರಬೇಕಾದಲ್ಲಿ ಮುಖ್ಯಸ್ಥರ ಕೋಣೆಯ ಯಂತ್ರದ ಹೆಸರಿತ್ತು.

ಅದನ್ನು ಬರೆದವನು ತಾನೇ ಎಂಬುದು ನೆನಪಾಗಲು ಅವನಿಗೆ ಅರೆಕ್ಷಣವೂ ಬೇಕಾಗಲಿಲ್ಲ. ನಿಜ ಹೇಳಬೇಕೆಂದರೆ ಮೇಡಂ ಸೊನ್ನೆ ಎಂದಾಗಲೇ ನೆನಪಾಗಿತ್ತು. ಒಂದೂವರೆ ವರ್ಷದ ಹಿಂದೆ ಮುಖ್ಯಸ್ಥರು ಕಾರಿಡಾರಿನಲ್ಲಿ ಹೆಗಲ ಮೇಲೆ ಕೈಹಾಕಿ, "ಪ್ರಿಂಟು ನಿಧಾನ ಆಗ್ತಿದೆ ಕಣಯ್ಯ. ಬೆಳಿಗ್ಗೆ ಹತ್ತಕ್ಕೆ ಫಲಿತಾಂಶದ ಒಂದು ಪ್ರತಿ ನನ್ನ ಯಂತ್ರಕ್ಕೆ ಬರೋ ಹಾಗೆ ಮಾಡು. ಪ್ರಿಂಟಿನ ಕಂಪ್ಯೂಟರ್ ಅಲ್ಲಿಂದಾನೇ ಓದ್ಲಿ," ಎಂದಿದ್ದರು. ಪ್ರಿಂಟು ನಿಧಾನವಾಗಿರಲಿಲ್ಲ. ಒಂದೇ ಹೆಸರು ಒಬ್ಬರಿಗೆ ಒಂದು ಕಡೆ, ಇನ್ನೊಬ್ಬರಿಗೆ ಇನ್ನೊಂದು ಕಡೆ ಕರೆದೊಯ್ಯುವುದು ಯಾಕೆ ಎಂದು ಅವನಿಗೆ ಅನ್ನಿಸಿತ್ತು. ಅನ್ನಿಸಿದ್ದನ್ನು ಅಲ್ಲೇ ಬಿಟ್ಟು ಸಾಲು ಬದಲಾಯಿಸಿದ್ದ. ಎರಡು ನಿಮಿಷದ ಕೆಲಸ.

ಈಗ ಮುಖ್ಯಸ್ಥರ ಯಂತ್ರದಲ್ಲಿದ್ದ ಪ್ರತಿಯನ್ನು ತೆರೆದು ನೋಡಿದ. ಪ್ರತಿ ದಿನ ಹತ್ತಕ್ಕೆ ಫೈಲು ಬಂದಿದೆ. ಹತ್ತೂಕಾಲು, ಹತ್ತೂ ಇಪ್ಪತ್ತಕ್ಕೆ ಯಾರೋ ಕೈಯಾರೆ ತಿದ್ದಿದ್ದಾರೆ. ಇಪ್ಪತ್ತೊಂದು ಟ್ಯಾಂಕುಗಳಲ್ಲಿ ಹದಿನೆಂಟರ ಅಂಕಿ ಮುಟ್ಟಿಲ್ಲ, ಅವು ಮೊದಲೇ ಚೊಕ್ಕಟ. ಮೂರರದ್ದು ಮಾತ್ರ ದಿನವೂ ಸೊನ್ನೆ. ಆ ಮೂರೂ ಕೆಳಪೇಟೆಗೆ ನೀರು ಕೊಡುವ ಟ್ಯಾಂಕುಗಳು. ಭಾನುವಾರದ ಫೈಲುಗಳನ್ನೂ ಸೋಮವಾರ ಬೆಳಿಗ್ಗೆ ಮರೆಯದೆ ತಿದ್ದಲಾಗಿತ್ತು. ವೈರಣ್ಣ ಒಂದೂವರೆ ವರ್ಷದ ಉದ್ದಕ್ಕೂ ಇಳಿದು ನೋಡಿದ, ಆ ಶಿಸ್ತು ಒಂದು ದಿನವೂ ತಪ್ಪಿರಲಿಲ್ಲ.

ಅವನ ಅಕ್ಕ ಇದ್ದದ್ದು ಕೆಳಪೇಟೆಯಲ್ಲಿ.

ಮಧ್ಯಾಹ್ನ ಊಟದ ಹೊತ್ತಿಗೆ ಮುಖ್ಯಸ್ಥರಿಂದ ಕರೆ ಬಂತು. ಹೋದಾಗ ಅವರು ಕುರ್ಚಿಗೆ ಒರಗಿ, ಕಾರಿನ ಕೀಲಿಯಿಂದ ಕಿವಿ ತೋಡಿಕೊಳ್ಳುತ್ತಿದ್ದರು. ತೋಡಿದ್ದನ್ನು ಬೆಳಕಿಗೆ ಹಿಡಿದು ನೋಡಿ, ಮೇಜಿನ ಮೇಲಿದ್ದ ವರದಿಯ ಅಂಚಿಗೆ ಒರೆಸಿದರು. ಹಿಂದಿನ ಗೋಡೆಯಲ್ಲಿ ಹಿತ್ತಾಳೆಯ ಫಲಕ: ಎರಡು ವರ್ಷ ಒಂದೂ ದೂರಿಲ್ಲದ ಪ್ರಯೋಗಾಲಯ. ಮೇಜಿನ ಮೇಲೆ ಅಂಗಡಿಯಿಂದ ತಂದ ಸೀಲು ಮಾಡಿದ ನೀರಿನ ಬಾಟಲು.

"ಕೂತ್ಕೋ. ಊಟ ಆಯ್ತಾ?"

"ಆಯ್ತು ಸಾರ್." ಆಗಿರಲಿಲ್ಲ.

"ನಮ್ಮ ಕೆಮಿಸ್ಟಮ್ಮ ಒಂದು ರಗಳೆ ತೆಗೆದಿದಾರೆ. ನಿನ್ನ ಹತ್ರನೂ ಬಂದಿದ್ರಂತೆ. ಪಾಪ, ವಯಸ್ಸಾಯ್ತು. ಕಣ್ಣಿಗೆ ಆಪರೇಷನ್ ಬೇರೆ ಆಗಿದೆ. ಏನೋ ನೋಡ್ತಾರೆ, ಏನೋ ಬರೀತಾರೆ."

ವೈರಣ್ಣ ಕುರ್ಚಿಯ ಅಂಚಿನಲ್ಲಿ ಕೂತ.

"ಅವರ ಕಂಪ್ಯೂಟರಿಗೂ ಪ್ರಿಂಟಿನ ಕಂಪ್ಯೂಟರಿಗೆ ಮಾಡಿದ ಹಾಗೇ ಮಾಡಿಬಿಡು. ಅವರೂ ನನ್ನ ಪ್ರತೀನೇ ನೋಡ್ಲಿ. ನಾಳೆ ಬೆಳಿಗ್ಗೆಯೊಳಗೆ ಆಗ್ಬೇಕು. ನಾಳಿದ್ದು ಯಾರನ್ನೋ ಕರ್ಕೊಂಡು ಬಂದು ತೋರಿಸ್ತಾರಂತೆ. ತೋರಿಸ್ಲಿ. ಅವರ ಪರದೆ ಮೇಲೇ ಸೊನ್ನೆ ಇರುತ್ತೆ. ಆಮೇಲೆ ಅವರಿಗೇ ಅನುಮಾನ ಬರುತ್ತೆ, ನಾನೇ ತಪ್ಪು ಹಾಕಿದ್ನೇನೋ ಅಂತ." ಮುಖ್ಯಸ್ಥರು ನಕ್ಕರು. ಆ ನಗುವಿನಲ್ಲಿ ಕೋಪವಿರಲಿಲ್ಲ, ಹೆದರಿಕೆಯಿರಲಿಲ್ಲ. ಹಾಡು ಕೇಳಿ ತಲೆದೂಗುವವರ ನೆಮ್ಮದಿಯಿತ್ತು.

"ಸಾರ್, ನೀರು ನಿಜವಾಗ್ಲೂ ಕೆಟ್ಟಿದೆ. ತಟ್ಟೆ ನಾನೇ ನೋಡಿದೆ."

"ನೀನು ಯಾವಾಗ ಕೆಮಿಸ್ಟ್ ಆದೆ? ಪೈಪು ಅಗೆದು ಹಾಕೋಕೆ ಒಂದು ವರ್ಷ ಬೇಕು. ಅಲ್ಲೀವರೆಗೂ ಜನಕ್ಕೆ ಗಾಬರಿ ಹುಟ್ಟಿಸಿ ಏನು ಮಾಡೋದು? ಆ ಕಡೆ ಜನಕ್ಕೆ ಎಲ್ಲ ಒಗ್ಗಿಹೋಗಿರುತ್ತೆ ಬಿಡು." ಕೀಲಿಯನ್ನು ಜೇಬಿಗೆ ಹಾಕಿಕೊಂಡು ಮುಂದೆ ಬಾಗಿದರು. ದನಿ ತಗ್ಗಿತು. "ಇನ್ನೊಂದು ಮಾತು. ಆ ನಕ್ಷೆ ಫೈಲಲ್ಲಿ ನನ್ನ ಹೆಸರು ಎಲ್ಲಾದ್ರೂ ಇದ್ಯಾ? ಬರೆದವನು ನೀನು. ಪಾಸ್‌ವರ್ಡು ನಿನ್ನದು. ನಾನು ನಿನ್ನ ಕಾಪಾಡ್ತಾ ಇದೀನಿ ಅಂತ ತಿಳ್ಕೋ."

ವೈರಣ್ಣ ಅವರ ಮುಖವನ್ನೇ ನೋಡಿದ. ಇಪ್ಪತ್ತೆರಡು ವರ್ಷ ಆ ಮನುಷ್ಯನ ಬಗ್ಗೆ ಮನಸ್ಸಿನಲ್ಲಿಯೂ 'ಅವರು' ಎಂದೇ ಅಂದುಕೊಂಡಿದ್ದ. ಆ 'ರು' ಆ ಗಳಿಗೆಯಲ್ಲಿ ಉದುರಿಹೋಯಿತು. ಆದರೂ ಬಾಯಿ ತನ್ನ ಅಭ್ಯಾಸದಂತೆ, "ಆಗ್ಲಿ ಸಾರ್," ಎಂದಿತು.

ಹೊರಗೆ ಬಂದವನೇ ಶೌಚಾಲಯಕ್ಕೆ ಹೋಗಿ ಸೋಪು ಹಚ್ಚಿ ಕೈ ತೊಳೆದ. ಇನ್ನೊಮ್ಮೆ ತೊಳೆದ. ಹೆಗಲ ಮೇಲೆ ಆ ಮನುಷ್ಯ ಕೈ ಹಾಕಿದ್ದು ಒಂದೂವರೆ ವರ್ಷದ ಹಿಂದೆ. ಅಂಗಿಯೂ ಬೇರೆ. ಆದರೂ ಆ ಜಾಗದಲ್ಲಿ ಜಿಗುಟು ಅಂಟಿಕೊಂಡಂತಿತ್ತು. ಕನ್ನಡಿಯಲ್ಲಿ ಕಂಡದ್ದು ತನ್ನ ಮುಖ, ಆಗ್ಲಿ ಸಾರ್ ಎಂದ ಬಾಯಿ. ಮುಖ್ಯಸ್ಥನ ಕಿವಿಯ ಕೊಳೆಗಿಂತ ಅದೇ ಹೆಚ್ಚು ಹೇಸಿಗೆ ಹುಟ್ಟಿಸಿತು.

ರಾತ್ರಿ ಮನೆಯಲ್ಲಿ ಊಟದ ತಟ್ಟೆಗೆ ಕೈ ಹಾಕಲಾಗಲಿಲ್ಲ. "ಮೈ ಸರಿ ಇಲ್ವಾ?" ಎಂದಳು ಹೆಂಡತಿ. "ಅಕ್ಕ ಫೋನ್ ಮಾಡಿದ್ರಾ?" ಎಂದು ಅವನು ಕೇಳಿದ. "ಬೆಳಿಗ್ಗೆ ಮಾಡಿದ್ರು. ಮೊಮ್ಮಗಳಿಗೆ ಮತ್ತೆ ಭೇದಿಯಂತೆ. ಈ ತಿಂಗಳಲ್ಲಿ ಇದು ಮೂರನೇ ಸಲ. ನೀರು ಕಾಯಿಸಿ ಕುಡೀರಿ ಅಂದೆ. ನೀರಿಗೇನಾಗಿದೆ, ನನ್ನ ತಮ್ಮನ ಆಫೀಸಿನವರೇ ಪರೀಕ್ಷೆ ಮಾಡೋದು, ಗೋಡೆ ಮೇಲೆ ಸೊನ್ನೆ ಅಂತ ಹಾಕಿದಾರೆ, ಎಲ್ಲಾ ಅಂಗಡಿ ತಿಂಡಿ ತಿಂದೇ ಹಿಂಗಾಗೋದು ಅಂದ್ರು."

ವೈರಣ್ಣ ತಟ್ಟೆಯನ್ನು ಸರಿಸಿ ಎದ್ದ.

ಮರುದಿನ ಎಂಟೂವರೆಗೆಲ್ಲ ಕಚೇರಿಯಲ್ಲಿದ್ದ. ಮೊದಲು ಒಂದು ಹಾಳೆಯಲ್ಲಿ, ಯಾವ ದಿನ ಯಾವ ಯಂತ್ರದ ಯಾವ ಸಾಲನ್ನು ಯಾರ ಮಾತಿನ ಮೇಲೆ ತಾನು ಬದಲಾಯಿಸಿದೆ ಎಂದು ಬರೆದು ಸಹಿ ಹಾಕಿದ. ಒಂದೂವರೆ ವರ್ಷದ ಎರಡೂ ಪ್ರತಿಗಳನ್ನು, ತಿದ್ದಿದ್ದು, ತಿದ್ದದೆ ಇದ್ದದ್ದು, ಒಂದು ಡಿಸ್ಕಿಗೆ ಇಳಿಸಿದ. ಆಮೇಲೆ ಪ್ರಿಂಟಿನ ಕಂಪ್ಯೂಟರಿನ ನಕ್ಷೆ ತೆರೆದು, ಹದಿನೇಳನೇ ಸಾಲಿನಲ್ಲಿ ಮುಖ್ಯಸ್ಥನ ಯಂತ್ರದ ಹೆಸರು ಅಳಿಸಿ, ಪ್ರಯೋಗಾಲಯದ ಸರ್ವರಿನ ಹೆಸರು ಬರೆದ.

ಅಷ್ಟಕ್ಕೇ ಕೆಲಸ ಮುಗಿಯುತ್ತಿರಲಿಲ್ಲ. ಪ್ರಿಂಟು ತೆಗೆಯುವವಳು ಆಗಲೇ ಬಂದು ಫೋಲ್ಡರು ತೆರೆದು ಕೂತಿದ್ದಳು. ಒಮ್ಮೆ ಜೋಡಿಸಿದ್ದು ಬಳಕೆಯಲ್ಲಿರುವ ತನಕ ತಂತ್ರಾಂಶ ನಕ್ಷೆಯ ಕಡೆ ತಿರುಗಿಯೂ ನೋಡುವುದಿಲ್ಲ. ಅವಳು ಎಲ್ಲ ಮುಚ್ಚಿ, ಐದು ನಿಮಿಷ ಆ ಹೆಸರನ್ನು ಯಾರೂ ಮುಟ್ಟದೆ, ಹಳೆಯದು ಕಳಚಿಕೊಂಡ ಮೇಲೆಯೇ ಹೊಸ ಸಾಲಿಗೆ ಜೀವ ಬರುವುದು. ಬಲವಂತವಾಗಿ ಕಿತ್ತರೆ ಪರದೆಯ ತುಂಬ ಕೆಂಪಕ್ಷರ ಬರುತ್ತದೆ. ಅವಳು ಎದ್ದು ಎದುರಿನ ಬಾಗಿಲನ್ನೇ ತಟ್ಟುತ್ತಾಳೆ. ಆ ಬಾಗಿಲ ಹಿಂದೆ ಮುಖ್ಯಸ್ಥ ತಿದ್ದುತ್ತ ಕೂತಿರುತ್ತಾನೆ.

ಹತ್ತೂ ನಲವತ್ತಕ್ಕೆ ವೈರಣ್ಣ ಅವಳ ಮೇಜಿನ ಬಳಿ ನಿಂತ. ಕಚೇರಿಯಲ್ಲಿ ಅವಳನ್ನು ರೇಡಿಯೋ ಎನ್ನುತ್ತಿದ್ದರು. ಯಾಕೆಂದು ಎರಡು ನಿಮಿಷ ಅವಳ ಹತ್ತಿರ ನಿಂತವರಿಗೆಲ್ಲ ಗೊತ್ತಾಗುತ್ತಿತ್ತು.

"ಎಲ್ಲಾ ಮುಚ್ಚಿ ಬಾ. ಟೀ ಕುಡಿಯೋಣ."

ರೇಡಿಯೋ ಬಾಯಿ ತೆರೆದಳು. "ನೀವಾ? ಟೀ ಕೊಡಿಸ್ತೀರಾ? ಯಾವ ದಿಕ್ಕಲ್ಲಿ ಹುಟ್ಟಿದ ಸೂರ್ಯ ಇವತ್ತು? ವೈರಣ್ಣ, ಏನಾದ್ರೂ ಸಾಲಗೀಲ ಬೇಕಿತ್ತಾ?"

"ನಿನ್ನ ಕಂಪ್ಯೂಟರಿಗೆ ಒಂದು ಸಣ್ಣ ರಿಪೇರಿ ಇದೆ. ಐದು ನಿಮಿಷ ಮುಟ್ಟಬಾರದು. ಸುಮ್ನೆ ಕೂರೋ ಬದಲು..."

"ಹನ್ನೊಂದಕ್ಕೆ ಪ್ರಿಂಟ್ ತೆಗೀಬೇಕಲ್ಲ. ಟ್ಯಾಂಕುಗಳಿಗೆ ಹಾಳೆ ಒಯ್ಯೋ ರವಾನೆಯವನು ಬಾಗಿಲಲ್ಲಿ ಕುಣೀತಾನೆ."

"ಹನ್ನೊಂದಕ್ಕೇ ತೆಗಿ."

ಅವಳು ಒಂದೊಂದೇ ಕಿಟಕಿ ಮುಚ್ಚಿದಳು. ಮೆಟ್ಟಿಲ ಕೆಳಗಿನ ಟೀ ಯಂತ್ರದ ಹತ್ತಿರ ನಿಂತು ಅವಳು ತನ್ನ ನಾದಿನಿಯ ಮದುವೆ ಮಾತುಕತೆಯನ್ನು ಮೊದಲಿಂದ ಶುರುಮಾಡಿದಳು. ಹುಡುಗ ನೋಡಲು ಚೆನ್ನಾಗಿದ್ದಾನೆ, ಆದರೆ ಅವನ ತಾಯಿ ಮಾತು ಮಾತಿಗೆ ನಿಟ್ಟುಸಿರು ಬಿಡುತ್ತಾಳೆ. ವೈರಣ್ಣ ಗಡಿಯಾರ ನೋಡುತ್ತ ಹೂಂಗುಟ್ಟಿದ. ಹತ್ತೂ ನಲವತ್ತೆಂಟು. ಟೀ ಲೋಟವನ್ನು ಕುಡಿಯದೆ ಯಂತ್ರದ ಮೇಲಿಟ್ಟ. ಆ ಯಂತ್ರಕ್ಕೆ ನೀರು ಯಾವ ಟ್ಯಾಂಕಿಂದ ಬರುತ್ತದೆ ಎಂದು ಅವನು ಇದುವರೆಗೆ ಯೋಚಿಸಿಯೇ ಇರಲಿಲ್ಲ.

"ನೀವು ಕೇಳ್ತಾನೇ ಇಲ್ಲ," ಎಂದಳು ರೇಡಿಯೋ.

"ಕೇಳ್ತಿದೀನಿ. ನಿಟ್ಟುಸಿರು ಬಿಡ್ತಾರೆ ಅಂದ್ಯಲ್ಲ. ಯಾಕೆ ಅಂತೆ?"

ಅದಕ್ಕೆ ಉತ್ತರ ಮುಗಿಯುವಾಗ ಹತ್ತೂ ಐವತ್ತೈದು. ಮೇಲೆ ಬಂದಾಗ ಮುಖ್ಯಸ್ಥನ ಬಾಗಿಲು ಮುಚ್ಚಿಯೇ ಇತ್ತು. ವೈರಣ್ಣ ತನ್ನ ಜಾಗಕ್ಕೆ ಹೋಗಿ ಪರದೆ ನೋಡಿದ. ಹಳೆಯ ಜೋಡಣೆ ಆಗಲೇ ಕಳಚಿಕೊಂಡಿತ್ತು. ಅವನು ನೋಡುತ್ತಿದ್ದಂತೆಯೇ ರೇಡಿಯೋ ಫಲಿತಾಂಶವನ್ನು ಮುಟ್ಟಿದಳು. ತಂತ್ರಾಂಶ ನಕ್ಷೆ ತೆರೆಯಿತು, ಹದಿನೇಳನೇ ಸಾಲು ಓದಿತು, ಸರ್ವರಿನ ಬಾಗಿಲಿಗೆ ಹೋಗಿ ಫೋಲ್ಡರು ತಂದು ಜೋಡಿಸಿತು. ಯಾವ ಗದ್ದಲವೂ ಇಲ್ಲ. ಒಂದೂವರೆ ವರ್ಷ ಸುಳ್ಳನ್ನು ತಂದುಕೊಟ್ಟದ್ದೂ ಇಷ್ಟೇ ಸದ್ದಿಲ್ಲದೆ.

ಪ್ರಿಂಟರು ಗುಯ್‌ಗುಟ್ಟಿತು. ಮುಖ್ಯಸ್ಥನ ಸಹಿ ಮೊದಲೇ ಅಚ್ಚಾಗಿರುವ ಇಪ್ಪತ್ತೊಂದು ಹಾಳೆ. ರೇಡಿಯೋ ಅವನ್ನು ಜೋಡಿಸುತ್ತ ಜೋಡಿಸುತ್ತ ಸುಮ್ಮನಾದಳು. ಅವಳು ಸುಮ್ಮನಾದದ್ದು ಕೋಣೆಯ ಆ ತುದಿಗೂ ಕೇಳಿಸಿತು. ಎದ್ದು ವೈರಣ್ಣನ ಹತ್ತಿರ ಬಂದಳು. ಕೈಯಲ್ಲಿ ಮೂರು ಹಾಳೆ.

"ಇದು... ಮೂವತ್ತೆಂಟು ಅಂತಿದೆ. ಇದು ಐವತ್ತೆರಡು. ತಪ್ಪಲ್ವಾ?"

"ತಪ್ಪಲ್ಲ. ಇವತ್ತೇ ಸರಿ ಇರೋದು."

ಅವಳು ಹಾಳೆಯನ್ನೂ ಅವನನ್ನೂ ನೋಡಿದಳು. ಅವಳಿಗೆ ಎಷ್ಟು ಅರ್ಥವಾಯಿತೋ, ಒಂದು ಮಾತೂ ಆಡದೆ ಹೋಗಿ ಬಾಗಿಲಲ್ಲಿ ನಿಂತಿದ್ದ ರವಾನೆಯವನ ಚೀಲಕ್ಕೆ ಇಪ್ಪತ್ತೊಂದನ್ನೂ ಹಾಕಿದಳು. ಕೆಳಗೆ ಮೋಟಾರುಸೈಕಲ್ಲು ಶುರುವಾಯಿತು.

ಒಂದು ಗಂಟೆಯೊಳಗೆ ಟ್ಯಾಂಕುಗಳಿಂದ ಫೋನುಗಳು ಬರತೊಡಗಿದವು. ಮುಖ್ಯಸ್ಥ ಬಾಗಿಲು ತೆರೆದು ಹೊರಗೆ ಬಂದ. ಅವನ ಮುಖದಲ್ಲಿ ನಿನ್ನೆಯ ನೆಮ್ಮದಿಯಿರಲಿಲ್ಲ. ಎಲ್ಲರೆದುರೇ, "ಏನೋ ಮಾಡಿದೆ ನೀನು?" ಎಂದ.

"ಸಾಲು ಸರಿಮಾಡಿದೆ ಸಾರ್."

"ಮೊದಲು ಬರೆದವನು ನೀನೇ ಅಂತ ಗೊತ್ತಿದೆ ತಾನೇ? ನಿನ್ನ ಮನೆ ಹಾಳಾಗುತ್ತೆ ಕಣೋ."

"ಗೊತ್ತು. ಅದನ್ನೂ ಬರೆದುಕೊಟ್ಟಿದೀನಿ, ಮೇಲಿನವರಿಗೆ. ರವಾನೆಯವನ ಚೀಲದಲ್ಲೇ ಹೋಯ್ತು, ಡಿಸ್ಕಿನ ಜೊತೆ."

ಮುಖ್ಯಸ್ಥ ಒಂದು ಹೆಜ್ಜೆ ಮುಂದೆ ಬಂದ. ತುಟಿಯಂಚಿನಲ್ಲಿ ಬಿಳಿ ನೊರೆ ನಿಂತಿತ್ತು. ಒಳಗೆ ಫೋನು ಮತ್ತೆ ಬಡಿದುಕೊಂಡಿತು. ಅವನು ಒಳಗೆ ಹೋಗಿ ಅದನ್ನು ಎತ್ತಿ, ತಕ್ಷಣ ದನಿ ಬದಲಾಯಿಸಿ, "ಹೌದು ಸಾರ್, ನಮ್ಮವನೊಬ್ಬ ಏನೋ ಕಿತಾಪತಿ ಮಾಡಿದಾನೆ ಸಾರ್," ಎನ್ನತೊಡಗಿದ. ಆ ದನಿಯನ್ನು ವೈರಣ್ಣ ಗುರುತಿಸಿದ. ನಿನ್ನೆ ತನ್ನ ಬಾಯಿಂದ ಹೊರಟದ್ದೂ ಅದೇ ದನಿ.

ಮೂರು ಗಂಟೆಗೆ ಇಬ್ಬರಿಗೂ ಅಮಾನತಿನ ಆದೇಶ ಬಂತು. ಒಂದೇ ಲಕೋಟೆಯಲ್ಲಿ ಎರಡು ಹಾಳೆ.

ಹೊರಡುವ ಮೊದಲು ಅವನು ಪ್ರಯೋಗಾಲಯಕ್ಕೆ ಹೋದ. ಕೆಮಿಸ್ಟ್ ಮೇಡಂ ಬಿಳಿ ಕೋಟು ಹಾಕಿಕೊಂಡು ತಟ್ಟೆಗಳಿಗೆ ಚೀಟಿ ಅಂಟಿಸುತ್ತಿದ್ದರು. ಅವನು ಎಲ್ಲ ಹೇಳಿದ. ಕಾರಿಡಾರಿನ ಮಾತು, ಎರಡು ನಿಮಿಷದ ಕೆಲಸ, ಅವರ ಪರದೆಯಲ್ಲೂ ಸೊನ್ನೆ ತೋರಿಸಲು ಬಂದ ಅಪ್ಪಣೆ. ಅವರು ತಲೆಯೆತ್ತದೆ ಕೇಳಿಸಿಕೊಂಡರು.

"ಆವತ್ತು ಯಾಕೆ ಅಂತ ಒಂದು ಮಾತು ಕೇಳಬಹುದಿತ್ತಲ್ಲ," ಎಂದರು ಕೊನೆಗೆ.

"ಕೇಳಬಹುದಿತ್ತು."

"ನೀವು ಮಾಡಿದ್ದು ಒಳ್ಳೇದಾಯ್ತು, ಇವತ್ತು. ಅಷ್ಟು ಹೇಳಬಲ್ಲೆ. ಇನ್ನೇನೂ ನನ್ನ ಬಾಯಲ್ಲಿ ಬರಲ್ಲ. ನಿಮ್ಮ ಮುಖ ನೋಡೋಕೆ ಇವತ್ತು ನನಗೆ ಆಗ್ತಾ ಇಲ್ಲ, ಬೇಜಾರು ಮಾಡ್ಕೋಬೇಡಿ."

"ಇಲ್ಲ ಮೇಡಂ," ಎಂದ. ನಿಜಕ್ಕೂ ಬೇಜಾರಾಗಲಿಲ್ಲ. ಆ ದಿನ ಯಾರಾದರೂ ತನಗೆ ಸರಿಯಾದ ಅಳತೆಯಲ್ಲಿ ಕೊಟ್ಟದ್ದೆಂದರೆ ಅದೊಂದೇ.

ಐದು ಗಂಟೆಯ ಬಸ್ಸಿಗೆ ಕೆಳಪೇಟೆಗೆ ಹೋದ. ಟ್ಯಾಂಕಿನ ಸುತ್ತ ಜನ ನಿಂತಿದ್ದರು. ಯಾರೋ ಗಟ್ಟಿಯಾಗಿ ಬಯ್ಯುತ್ತಿದ್ದರು. ಅವನು ತಲೆತಗ್ಗಿಸಿ ಬಳಸಿಕೊಂಡು ಹೋದ. ಅಕ್ಕ ಬಾಗಿಲ ಪಕ್ಕದ ಹೊಲಿಗೆ ಯಂತ್ರದ ಮುಂದೆ ಕೂತಿದ್ದಳು. ಒಳಗೆ ಮಂಚದ ಮೇಲೆ ಮೊಮ್ಮಗಳು ಮಗ್ಗುಲಾಗಿ ಮಲಗಿದ್ದಳು, ಮೊಣಕಾಲು ಹೊಟ್ಟೆಗೆ ಒತ್ತಿಕೊಂಡು.

"ಬಾರೋ. ಇಷ್ಟು ಬೇಗ? ಆಫೀಸಿಲ್ವಾ?"

"ಅಕ್ಕ, ನೀರು ಕುಡೀಬೇಡಿ. ಕಾಯಿಸದೆ ಒಂದು ತೊಟ್ಟೂ ಬೇಡ."

"ಅದೇ ಅಂತಿದಾರಪ್ಪ ಎಲ್ಲರೂ ಈಗ. ನಾನು ನಂಬಲಿಲ್ಲ. ನನ್ನ ತಮ್ಮ ಬಂದು ಹೇಳ್ಲಿ ಅಂದೆ." ಹೊಲಿಗೆ ನಿಲ್ಲಿಸಿದಳು. "ಯಾವತ್ತಿಂದ ಹಿಂಗೆ?"

"ಒಂದೂವರೆ ವರ್ಷ ಆಯ್ತು."

"ನಿಂಗೆ ಗೊತ್ತಿತ್ತಾ?"

ವೈರಣ್ಣ ಹೊಸ್ತಿಲ ಮೇಲೆ ಕೂತ. ಗೊತ್ತಿರಲಿಲ್ಲ ಎಂದರೆ ಸುಳ್ಳಲ್ಲ. ಗೊತ್ತಿತ್ತು ಎಂದರೂ ಸುಳ್ಳಲ್ಲ. "ಗೊತ್ತು ಮಾಡ್ಕೊಳ್ಳಲಿಲ್ಲ ಅಕ್ಕ. ಸುಳ್ಳು ಸೊನ್ನೆ ಬರೋ ದಾರೀನ ನಾನೇ ಮಾಡಿಕೊಟ್ಟಿದ್ದು," ಎಂದ.

ಅವಳು ಬಯ್ಯಲಿಲ್ಲ. ಬಯ್ದಿದ್ದರೆ ಚೆನ್ನಾಗಿತ್ತು. ಮೊಣಕಾಲ ಮೇಲಿನ ಬಟ್ಟೆಯ ಚೂರುಗಳನ್ನು ಕೊಡವಿ ಎದ್ದು, ಒಳಗೆ ಹೋಗಿ, ಗೋಡೆಗೆ ತೂಗುಹಾಕಿದ್ದ ಶಾಲೆಯ ಚೀಲದಿಂದ ಮಗುವಿನ ನೀರಿನ ಬಾಟಲು ತೆಗೆದಳು. ಅರ್ಧ ನೀರಿತ್ತು. ಮುಚ್ಚಳ ತಿರುಗಿಸಿ ಮೂಸಿದಳು. ಬಚ್ಚಲಿಗೆ ಸುರಿದಳು. ಉದ್ದನೆಯ ಬ್ರಷ್ಷು ಹಾಕಿ, ಸೋಪು ಹಾಕಿ, ತಳ, ಕುತ್ತಿಗೆ, ಮುಚ್ಚಳದ ಸುರುಳಿ ಎಲ್ಲ ಗಸಗಸ ಉಜ್ಜಿದಳು. ಬಾಟಲಿನ ತುಂಬ ನೊರೆಯಾಯಿತು.

ಆಮೇಲೆ ನಲ್ಲಿಯ ಕೆಳಗೆ ಹಿಡಿದು ತಿರುಗಿಸಿದಳು. ನೀರು ಬಂತು, ತಿಳಿಯಾಗಿ, ಹೊಳೆಯುತ್ತ. ಅವಳು ಬಾಟಲನ್ನು ಹಿಂದಕ್ಕೆಳೆದುಕೊಂಡಳು. ನೊರೆ ಅವಳ ಬೆರಳುಗಳಿಂದ ಮೊಣಕೈಗೆ ಇಳಿಯುತ್ತಿತ್ತು. ಬಾಟಲನ್ನು ಯಾವುದರಿಂದ ತೊಳೆಯುವುದೆಂದು ತಿಳಿಯದೆ, ಹರಿಯುವ ನಲ್ಲಿಯ ಮುಂದೆ ಅವಳು ಹಾಗೇ ನಿಂತಿದ್ದಳು.